ಉಲಿಯಕ್ಕಿ ಇಲ್ಲ ಎಂದ ಎರಡು ವರ್ಷ

ಊಟಕ್ಕೆ ಕೂತಾಗ ಸಾವಿನ ಸುದ್ದಿ ತೆಗೆಯಬಾರದು ಎಂದು ನನ್ನ ತಾಯಿ ಗದರುತ್ತಿದ್ದರು. ನನ್ನ ಗಂಡ ಶನಿವಾರದ ಊಟಕ್ಕೆ ಕೂತರೆ ಅದನ್ನೇ ತೆಗೆಯುತ್ತಿದ್ದರು. ಸತ್ತವರು ಮನುಷ್ಯರಲ್ಲ, ಹಕ್ಕಿಗಳು. ಈ ವಾರ ಸೂರಕ್ಕಿಯ ಸುಳಿವೇ ಇಲ್ಲ. ಉಲಿಯಕ್ಕಿಯಂತೂ ಹೋಗಿಯೇ ಹೋಯಿತು. ಗೋರಿಯ ಪಕ್ಕದ ಮರ ಖಾಲಿ ಬಿದ್ದಿದೆ. ಹೀಗೆ ಒಂದೊಂದರ ಹೆಸರು ಹೇಳಿ, ಅನ್ನ ಕಲಸುತ್ತಿದ್ದ ಕೈಯನ್ನು ಹಾಗೇ ನಿಲ್ಲಿಸಿ, ಗೋಡೆ ನೋಡುತ್ತ ಕೂರುತ್ತಿದ್ದರು. ಬಂಗುಡೆ ಸಾರು ಆರಿ ತಣ್ಣಗಾಗುತ್ತಿತ್ತು. ನನಗೆ ಮೈಯೆಲ್ಲ ಉರಿಯುತ್ತಿತ್ತು. ಹಕ್ಕಿ ಹೋದರೆ ನಾವು ಉಪವಾಸ ಬೀಳಬೇಕಾ ಎಂದು ಒಂದೆರಡು ಸಲ ಕೇಳಿಯೂ ಕೇಳಿದೆ.

ಅವರು ಹಕ್ಕಿ ತೋರಿಸುವ ಗೈಡ್. ಚಳಿಗಾಲದ ಪ್ರತಿ ಶನಿವಾರ ದುಬೈಯ ಹೋಟೆಲುಗಳಿಂದ ನಾಲ್ಕೈದು ಪ್ರವಾಸಿಗರನ್ನು ಕಾರಿಗೆ ಹತ್ತಿಸಿಕೊಂಡು ಅಲ್ ಐನ್‌ಗೆ ಹೋಗುತ್ತಾರೆ. ಅದು ಅಬುಧಾಬಿ ಎಮಿರೇಟ್‌ಗೆ ಸೇರಿದ ಊರು, ನಮ್ಮಿಂದ ಒಂದೂವರೆ ಗಂಟೆಯ ದಾರಿ. ಬೆಳಕು ಹರಿಯುವ ಹೊತ್ತಿಗೆ ಊರಾಚೆಯ ಕೆರೆ. ಊರಿನವರು ಬಳಸಿದ ನೀರನ್ನೇ ಶುದ್ಧ ಮಾಡಿ ಬಿಟ್ಟು ಆದ ಕೆರೆ ಅದು, ಸುತ್ತ ಜೊಂಡು ಬೆಳೆದಿದೆ. ಬಿಸಿಲೇರಿ ಗೇಟು ತೆರೆದ ಮೇಲೆ ಹಳೆಯ ಗೋರಿಗಳು. ನಾಲ್ಕು ಸಾವಿರ ವರ್ಷಕ್ಕೂ ಹಿಂದಿನ ಜನ ಕಲ್ಲು ಕೆತ್ತಿ ದುಂಡಗೆ ಕಟ್ಟಿದ ಗೋರಿಗಳು, ಸುತ್ತ ಗಿಡಮರ. ಅಲ್ಲಿಗೆ ಬಂದವರಿಗೆ ಹಕ್ಕಿಯೂ ಆಯಿತು, ಇತಿಹಾಸವೂ ಆಯಿತು.

ಊರಲ್ಲಿದ್ದಾಗ ಈ ಮನುಷ್ಯನಿಗೆ ಕಾಗೆ, ಕೋಳಿ, ಕೊಕ್ಕರೆ ಬಿಟ್ಟರೆ ಇನ್ನೊಂದು ಹಕ್ಕಿ ಗೊತ್ತಿರಲಿಲ್ಲ. ನನ್ನ ಆಣೆಗೂ ಸತ್ಯ. ಇಲ್ಲಿ ಒಂದು ಹೋಟೆಲಿನ ರಿಸೆಪ್ಶನ್‌ನಲ್ಲಿ ನಿಂತಿದ್ದಾಗ ಯಾರೋ ಗೆಸ್ಟ್ ಹುಲ್ಲಿನ ಮೇಲೆ ಓಡಾಡುತ್ತಿದ್ದ ಕಿರೀಟದ ಹಕ್ಕಿಯನ್ನು ತೋರಿಸಿ ಹೆಸರು ಕೇಳಿದರಂತೆ. ಇವರಿಗೆ ಗೊತ್ತಿರಲಿಲ್ಲ. ಗೆಸ್ಟ್ ಕೇಳಿದ್ದಕ್ಕೆ ಉತ್ತರ ಇಲ್ಲ ಎನ್ನುವುದು ಹೋಟೆಲಿನವರಿಗೆ ಆಗಿಬರುವುದಿಲ್ಲ. ಅದೇ ವಾರ ಒಂದು ಹಕ್ಕಿ ಪುಸ್ತಕ ತಂದರು. ಆ ಕಿರೀಟದ್ದು ಚಂದ್ರಮುಕುಟ. ಅಲ್ಲಿಂದ ಹಿಡಿದ ಹುಚ್ಚು ಬಿಡಲೇ ಇಲ್ಲ. ಕೊರೊನಾ ಕಾಲದಲ್ಲಿ ಹೋಟೆಲು ಕೈಬಿಟ್ಟಾಗ ಆ ಹುಚ್ಚೇ ಅನ್ನ ಕೊಟ್ಟಿತು. ಅಲ್ ಮುರಕ್ಕಬಾತ್‌ನಲ್ಲಿ ಸಣ್ಣ ಟ್ರಾವೆಲ್ ಆಫೀಸು ಇಟ್ಟುಕೊಂಡಿರುವ ಒಬ್ಬರು ಹಾಜಿಯವರು, ನಮ್ಮ ಕರಾವಳಿಯ ಬ್ಯಾರಿಗಳು, ಇವರನ್ನು ಕರೆದು ಏಳು ಸೀಟಿನ ಕಾರಿನ ಕೀಲಿ ಕೈಗಿಟ್ಟು, ಯಲ್ಲಾ, ಹೊರಡಿ, ಹಕ್ಕಿ ತೋರಿಸಿ ಎಂದರು. ಆ ಕಾರು ವಾರವಿಡೀ ನಮ್ಮ ಬಿಲ್ಡಿಂಗಿನ ಕೆಳಗೇ ನಿಲ್ಲುತ್ತದೆ. ಸಾಮಾನು ತರುವುದಕ್ಕೂ ಇಗರ್ಜಿಗೆ ಹೋಗುವುದಕ್ಕೂ ಅದೇ.

ಅವರು ಹಕ್ಕಿ ಕಲಿತದ್ದು ಕಿವಿಯಿಂದ. ನಮ್ಮದು ಇಂಟರ್‌ನ್ಯಾಷನಲ್ ಸಿಟಿಯಲ್ಲಿ ಒಂದು ಬೆಡ್‌ರೂಮಿನ ಫ್ಲ್ಯಾಟ್. ಇಸ್ತ್ರಿ ಮಾಡುವಾಗ, ತರಕಾರಿ ಹೆಚ್ಚುವಾಗ, ಯಾವಾಗ ನೋಡಿದರೂ ಫೋನಿನಲ್ಲಿ ಹಕ್ಕಿಯ ಕೂಗು. ಅದರಲ್ಲೂ ಉಲಿಯಕ್ಕಿ. ಹೆಬ್ಬೆರಳಿಗಿಂತ ಚೂರು ದೊಡ್ಡದು, ಉದ್ದ ಬಾಲ, ಬೂದು ಬಣ್ಣ, ಪೊದೆ ಬಿಟ್ಟು ಹೊರಗೆ ಬರುವುದಿಲ್ಲ. ನೋಡಿ ಹಿಡಿಯುವುದು ಕಷ್ಟ, ಕೇಳಿಯೇ ಹಿಡಿಯಬೇಕು. ಕೈಗಡಿಯಾರಕ್ಕೆ ಬೇಗ ಬೇಗ ಕೀಲಿ ಕೊಟ್ಟ ಹಾಗಿರುವ ಆ ಸಣ್ಣ ದನಿಯನ್ನು ಅವರು ನನ್ನ ಅಡುಗೆಮನೆಯಲ್ಲಿ ಎಷ್ಟು ಸಲ ಹಾಕಿದರೆಂದರೆ, ಹಕ್ಕಿಯ ಗಂಧಗಾಳಿ ಇಲ್ಲದ ನನಗೂ ಅದು ಬಾಯಿಪಾಠವಾಯಿತು. ಸಾಕು ಮಾರಾಯ್ರೇ, ಅದರ ಕೊರಳು ಹಿಸುಕಿಬಿಡುತ್ತೇನೆ ಎಂದು ನಾನು ಕೂಗಾಡುತ್ತಿದ್ದೆ. ಅವರು ನಗುತ್ತಿದ್ದರು. ಎಲ್ಲ ಕೂಗೂ ಕಿವಿಗೆ ಹತ್ತಿದ ಮೇಲೆ ಫೋನಿನಲ್ಲಿ ಹಾಕುವುದನ್ನು ಬಿಟ್ಟರು.

ಅವರ ಕೆಲಸದ ಕ್ರಮವೂ ಹಾಗೇ. ಗೋರಿಯ ಬಳಿ ಒಂದು ಗಾಫ್ ಮರವಿದೆ. ನಮ್ಮ ಬನ್ನಿ ಮರವೇ ಅದು, ಇಲ್ಲಿನ ಹೆಸರು ಗಾಫ್. ಅದರಡಿ ನಿಂತು ಯಾರೂ ಬೈನಾಕ್ಯುಲರ್ ಎತ್ತಬಾರದು, ಮೊದಲು ಎಲ್ಲರೂ ಕಣ್ಣು ಮುಚ್ಚಬೇಕು. ಯಾವ ಹಕ್ಕಿ ಕೂಗುತ್ತದೋ ಅದರ ಹೆಸರನ್ನು ಇವರು ಮೆತ್ತಗೆ ಹೇಳುತ್ತ ಹೋಗುತ್ತಾರೆ, ಯಾವ ಕಡೆಯಿಂದ ಎಂಬುದನ್ನೂ ಸೇರಿಸಿ. ಕಣ್ಣು ತೆರೆದ ಮೇಲೆ ಅಲ್ಲಲ್ಲಿಯೇ ಹುಡುಕಬೇಕು. ಬಂದವರು ಮರುಳಾಗುತ್ತಿದ್ದರಂತೆ. ಈ ಒಂದು ಆಟಕ್ಕಾಗಿಯೇ ಹೋಟೆಲಿನವರು ಮತ್ತೆ ಮತ್ತೆ ಜನ ಕಳಿಸುತ್ತಾರೆ ಎಂದು ಹಾಜಿಯವರು ನನ್ನ ಬಳಿಯೇ ಹೇಳಿದ್ದರು.

ಎರಡು ವರ್ಷದ ಹಿಂದೆ ಮರ ಸುಮ್ಮನಾಗತೊಡಗಿತು. ಮೊದಲು ಸೂರಕ್ಕಿ, ಆಮೇಲೆ ಉಲಿಯಕ್ಕಿ, ಆಮೇಲೆ ಜೊಂಡಿನೊಳಗಿನ ಇನ್ಯಾವುದೋ ಸಣ್ಣದು. ದೊಡ್ಡವು ಇದ್ದವು. ಕೆರೆಯಲ್ಲಿ ರಾಜಹಂಸ ಇತ್ತು, ದಂಡೆಯಲ್ಲಿ ಟಿಟ್ಟಿಭ ಅರಚುತ್ತಿತ್ತು, ಗೋರಿಯ ಕಲ್ಲಿನ ಮೇಲೆ ಬೆಳವ ಗುಟುರು ಹಾಕುತ್ತಿತ್ತು. ಹೋದದ್ದು ಸಣ್ಣವು. ಅದಕ್ಕೆ ಅವರ ಹತ್ತಿರ ಕಾರಣವೂ ಇತ್ತು. ಖರ್ಜೂರದ ತೋಟಗಳಿಗೆ ಮದ್ದು ಹೊಡೆಯುತ್ತಾರೆ, ಹುಳ ಸಾಯುತ್ತದೆ, ಹುಳ ತಿಂದು ಬದುಕುವ ಸಣ್ಣವು ಮೊದಲು ಸಾಯುತ್ತವೆ. ಕೇಳಿದರೆ ಯಾರಾದರೂ ತಲೆದೂಗುವಂಥ ಮಾತು. ನಾನೂ ತಲೆದೂಗಿದೆ.

ಆದರೆ ಹಕ್ಕಿ ನೋಡುವವರ ವಾಟ್ಸಾಪ್ ಗ್ರೂಪಿನವರು ತಲೆದೂಗಲಿಲ್ಲ. ನಮಗೆ ಎಂದಿನಂತೆ ಕೇಳುತ್ತಿದೆ ಎಂದು ಒಬ್ಬರು ಬರೆದರು, ಇನ್ನೊಬ್ಬರೂ ಬರೆದರು. ಇವರಿಗೆ ಪಿತ್ತ ನೆತ್ತಿಗೇರಿತು. ಎಸಿ ಕಾರಿನ ಗಾಜು ಇಳಿಸದೆ ಹಕ್ಕಿ ನೋಡುವ ನಿಮಗೆ ಏನು ತಿಳಿಯುತ್ತದೆ ಎಂದು ಬರೆದು ಗ್ರೂಪು ಬಿಟ್ಟು ಬಂದರು. ಮೂಗಿನ ತುದಿಯಲ್ಲಿ ಕೋಪ ನನಗೆ ಮಾತ್ರ ಇರುವುದು ಎಂದುಕೊಂಡಿದ್ದೆ.

ಮನೆಯಲ್ಲೂ ಎಲ್ಲವೂ ಎಡವಟ್ಟು. ಮಗಳು ದುಬೈ ಇನ್ವೆಸ್ಟ್‌ಮೆಂಟ್ಸ್ ಪಾರ್ಕಿನ ಒಂದು ಕಂಪನಿಯಲ್ಲಿ ಹೊಸದಾಗಿ ಕೆಲಸಕ್ಕೆ ಸೇರಿದ್ದಳು. ಅವಳು ಮಾತಾಡಿದರೆ ಗೊಣಗಬೇಡ, ಬಾಯಿ ಬಿಟ್ಟು ಮಾತಾಡು ಎಂದು ಗದರುತ್ತಿದ್ದರು. ಪಪ್ಪನಿಗೆ ನಾನು ಹೇಳುವುದು ಬೇಕಾಗಿಯೇ ಇಲ್ಲ ಎಂದು ಅವಳು ಇಂಗ್ಲಿಷಿನಲ್ಲಿ ನನ್ನ ಮೇಲೆ ರೇಗುತ್ತಿದ್ದಳು. ನಮ್ಮದು ಮನೆಮಾತು ಕೊಂಕಣಿ. ಮಗಳಿಗೆ ತಿಳಿಯದ ಹಾಗೆ ಜಗಳ ಆಡಬೇಕಾದಾಗ ಮಾತ್ರ ನಾವಿಬ್ಬರೂ ಕನ್ನಡಕ್ಕೆ ಬರುತ್ತೇವೆ. ಆ ಎರಡು ವರ್ಷ ನಮ್ಮ ಮನೆಯಲ್ಲಿ ಕನ್ನಡ ಬಹಳವೇ ಇತ್ತು.

ಹೆಚ್ಚಿನ ಜಗಳ ಕಾರಿನದ್ದು. ಗಲ್ಫಿನ ಕಾರುಗಳಲ್ಲಿ ನೂರಿಪ್ಪತ್ತು ದಾಟಿದರೆ ಸಣ್ಣಗೆ ಟೀಂ ಟೀಂ ಎಂದು ಬಡಿದುಕೊಳ್ಳುತ್ತದೆ. ಮೊದಲೆಲ್ಲ ಅದು ಒಂದು ಸಲ ಕೂಗಿದರೆ ಸಾಕು, ಇವರ ಕಾಲು ತಾನಾಗಿ ಮೇಲೇಳುತ್ತಿತ್ತು. ಈಗ ಕೂಗುತ್ತಲೇ ಇರುತ್ತಿತ್ತು, ಇವರು ಓಡಿಸುತ್ತಲೇ ಇರುತ್ತಿದ್ದರು. ಫೈನಿನ ಮೆಸೇಜು ಬಂದರೆ ಹಾಜಿಯವರ ಮುಂದೆ ತಲೆ ತಗ್ಗಿಸುವವರೂ ಇವರೇ. ವಯಸ್ಸಾಗುತ್ತ ಹಠ ಹೆಚ್ಚಾಯಿತು, ಬೇಕೆಂದೇ ಕಿವಿಗೆ ಹಾಕಿಕೊಳ್ಳುತ್ತಿಲ್ಲ ಎಂದು ನಾನು ತೀರ್ಮಾನಿಸಿದ್ದೆ.

ಫೆಬ್ರವರಿಯ ಒಂದು ಶುಕ್ರವಾರ ಸಂಜೆ ಪೂಜೆ ಮುಗಿಸಿ ಇಗರ್ಜಿಯಿಂದ ಹೊರಗೆ ಬರುವಾಗ ಅವರು ಒಂದು ಮೇಣದ ಬತ್ತಿ ಹಚ್ಚಿದರು. ಯಾರಿಗೆ ಎಂದು ಕೇಳಿದೆ. ಕಾರಿನಲ್ಲಿ ಕೂತ ಮೇಲೆ, ಈ ತಿಂಗಳು ಮುಗಿದರೆ ಅಲ್ ಐನ್ ಟ್ರಿಪ್ ನಿಲ್ಲಿಸಿ ಎಂದು ಹಾಜಿಯವರಿಗೆ ಹೇಳುತ್ತೇನೆ ಎಂದರು. ಇಲ್ಲದ ಹಕ್ಕಿಯನ್ನು ತೋರಿಸುತ್ತೇನೆ ಎಂದು ಜನರನ್ನು ಕರೆದುಕೊಂಡು ಹೋಗುವುದು ಮೋಸ. ಖಲಾಸ್.

ಐವತ್ತೆಂಟರ ಮನುಷ್ಯನನ್ನು ಇನ್ನು ಯಾವ ಹೋಟೆಲು ಕರೆಯುತ್ತದೆ? ನನ್ನ ಕೆಲಸದಲ್ಲಿ ಮನೆ ನಡೆದೀತು, ಅದಲ್ಲ ನನ್ನ ಹೆದರಿಕೆ. ಶನಿವಾರ ಬೆಳಿಗ್ಗೆ ಬೂಟು ಹಾಕಿಕೊಂಡು ಹೊರಡುವುದೊಂದೇ ಈ ಮನುಷ್ಯನನ್ನು ನೆಟ್ಟಗೆ ನಿಲ್ಲಿಸಿತ್ತು. ಅದೂ ಹೋದರೆ ಅವರು ಆ ಗೋಡೆ ನೋಡುತ್ತ ಕೂತಲ್ಲೇ ಕೂತುಬಿಡುತ್ತಾರೆ ಎಂದು ನನಗೆ ಭಯವಾಯಿತು. ನಾನು ಒಂದು ಕ್ಲಿನಿಕ್ಕಿನ ಇನ್ಶೂರೆನ್ಸ್ ಡೆಸ್ಕಿನಲ್ಲಿ ಕೆಲಸ ಮಾಡುವವಳು. ವರ್ಷಗಟ್ಟಲೆ ಶನಿವಾರ ಡ್ಯೂಟಿ ಇದ್ದು ಅವರ ಟ್ರಿಪ್ಪಿಗೆ ಹೋದದ್ದೇ ಇಲ್ಲ. ಆ ತಿಂಗಳು ಡ್ಯೂಟಿ ಬದಲಾಗಿತ್ತು. ನಾಳೆ ನಾನೂ ಬರುತ್ತೇನೆ ಎಂದೆ. ನಿನಗೆ ಎಂತಕ್ಕೆ ಎಂದರು. ಬನ್ಸ್ ಮಾಡಿ ತರುತ್ತೇನೆ, ನಿಮ್ಮ ಗೆಸ್ಟುಗಳು ಹಕ್ಕಿ ಇಲ್ಲದಿದ್ದರೆ ಬನ್ಸಾದರೂ ತಿನ್ನಲಿ ಎಂದೆ.

ಕೆರೆಯ ಬಳಿ ಅವರನ್ನು ನೋಡಿ ನನಗೆ ಹೆಮ್ಮೆಯೇ ಆಯಿತು. ಆಚೆ ದಂಡೆಯಲ್ಲಿ ಎಲ್ಲೋ ಒಂದು ಚುಕ್ಕೆ ಹಾರುತ್ತಿದ್ದರೆ ಅದು ಯಾವ ಹದ್ದು, ಗಂಡೋ ಹೆಣ್ಣೋ ಎಂದು ಹೇಳುತ್ತಿದ್ದರು. ಬಂದಿದ್ದ ಐವರಲ್ಲಿ ಒಬ್ಬರು ಇಂಗ್ಲೆಂಡಿನ ವಯಸ್ಸಾದ ಹೆಂಗಸು, ನಿವೃತ್ತ ಟೀಚರು, ಲೋಕವೆಲ್ಲ ಸುತ್ತಿ ಹಕ್ಕಿ ನೋಡಿದವರು. ಮಾಯಾ ಜನರ ಪಾಳುಬಿದ್ದ ದೇಗುಲಗಳ ನಡುವೆ, ಅಲ್ಲಿಯ ಜೌಗು ಕಾಡಿನಲ್ಲಿ ಒಂದು ತಿಂಗಳು ಹಕ್ಕಿ ಹುಡುಕಿದ ಕಥೆಯನ್ನು ಚಹಾ ಕುಡಿಯುತ್ತ ಹೇಳಿದರು. ಅಲ್ಲಿ ಎಲೆಗಳ ನಡುವೆ ಏನೂ ಕಾಣುವುದಿಲ್ಲವಂತೆ, ಗೈಡಿನ ಕಿವಿಯೇ ಎಲ್ಲವಂತೆ. ನನ್ನ ಗಂಡ ಖುಷಿಯಾಗಿ ನನ್ನದೂ ಅದೇ ಕ್ರಮ ಎಂದರು. ಒಬ್ಬೊಬ್ಬರೂ ಎರಡೆರಡು ಬನ್ಸ್ ಖಾಲಿ ಮಾಡಿದರು.

ಬಿಸಿಲೇರಿದ ಮೇಲೆ ಗೋರಿಗೆ ಬಂದೆವು. ಕಲ್ಲುಗಳು ಒಂದಕ್ಕೊಂದು ಕೂಡಿಕೊಂಡ ರೀತಿ ನೋಡಿ ನಾನು ಬೆರಗಾದೆ. ಪ್ರವೇಶದ ಕಲ್ಲಿನ ಮೇಲೆ ಕೊಂಬಿನ ಎರಡು ಚಿಗರೆಗಳನ್ನೂ ನಡುವೆ ಮನುಷ್ಯರನ್ನೂ ಕೆತ್ತಿದ್ದಾರೆ. ನನ್ನ ಗಂಡ ಎಲ್ಲರನ್ನೂ ಗಾಫ್ ಮರದಡಿ ನಿಲ್ಲಿಸಿ ಕಣ್ಣು ಮುಚ್ಚಲು ಹೇಳಿದರು. ನಾನೂ ಮುಚ್ಚಿದೆ.

ಮುಚ್ಚಿದ ಕೂಡಲೇ ಕೇಳಿತು. ನನ್ನ ತಲೆಯ ಮೇಲೇ, ಕೈಗಡಿಯಾರಕ್ಕೆ ಕೀಲಿ ಕೊಡುವ ಆ ದನಿ, ನನ್ನ ಅಡುಗೆಮನೆಯ ದನಿ. ಎಡೆಬಿಡದೆ ಕೂಗುತ್ತಿತ್ತು. ಅದರ ಹಿಂದೆ ಇನ್ನೊಂದು ಕಡೆಯಿಂದ ಅದಕ್ಕೆ ಉತ್ತರವೂ ಬಂತು. ಅಬ್ಬಾ, ಇದೆಯಲ್ಲ ಎಂದು ನಾನು ಮನಸ್ಸಿನಲ್ಲೇ ಕುಣಿದೆ. ಈಗ ಹೆಸರು ಹೇಳುತ್ತಾರೆ, ಈಗ ಇವರ ಮುಖ ನೋಡಬೇಕು ಎಂದು ಕಾದೆ.

ಅವರು ಬೆಳವದ ಹೆಸರು ಹೇಳಿದರು. ಸ್ವಲ್ಪ ತಡೆದು, ದೂರದ ಟಿಟ್ಟಿಭದ ಹೆಸರು ಹೇಳಿದರು. ಆಮೇಲೆ ಸುಮ್ಮನಾದರು. ಆ ದನಿ ಕೂಗುತ್ತಲೇ ಇತ್ತು. ನಾನು ಕಣ್ಣು ತೆರೆದೆ. ಅವರು ಕಣ್ಣು ಮುಚ್ಚಿಯೇ ನಿಂತಿದ್ದರು, ಹುಬ್ಬು ಗಂಟಿಕ್ಕಿ, ತಲೆಯನ್ನು ಒಂದು ಕಡೆ ವಾಲಿಸಿ, ಎಲ್ಲಿಂದಾದರೂ ಬಂದೀತೇ ಎಂದು ಕಾಯುತ್ತ. ಕೊನೆಗೆ ಕಣ್ಣು ತೆರೆದು ಇಂಗ್ಲಿಷಿನಲ್ಲಿ ಎಲ್ಲರಿಗೂ ಹೇಳಿದರು, ಈ ಮರದಲ್ಲಿ ಒಂದು ಕಾಲಕ್ಕೆ ಉಲಿಯಕ್ಕಿ ಹಾಡುತ್ತಿತ್ತು, ಈಗ ಇಲ್ಲ, ಈ ಮೌನವನ್ನು ಕೇಳಿಸಿಕೊಳ್ಳಿ ಎಂದು. ಮೇಲೆ ಅದು ಕೂಗುತ್ತಿತ್ತು. ಗೆಸ್ಟುಗಳು ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಒಬ್ಬ ಯುವಕ ಏನೋ ಹೇಳಲು ಬಾಯಿ ತೆರೆದ, ಆ ಇಂಗ್ಲೆಂಡಿನ ಹೆಂಗಸು ಅವನ ತೋಳು ಹಿಡಿದು ತಡೆದರು.

ಎಲ್ಲರೂ ಕೆತ್ತನೆ ನೋಡಲು ಹೋದಾಗ ಆ ಹೆಂಗಸು ನನ್ನ ಪಕ್ಕ ಬಂದು ನಿಂತರು. ಅವರೇನೂ ಮುಚ್ಚಿಡಲಿಲ್ಲ. ಅವರ ಊರಿನಲ್ಲಿ ಒಂದು ಪುಟಾಣಿ ಹಕ್ಕಿ ಇದೆಯಂತೆ, ಅದರ ದನಿ ಸೂಜಿಯಷ್ಟು ಸಣ್ಣ. ಪ್ರತಿ ವಸಂತದಲ್ಲಿ ಹಕ್ಕಿಯವರೆಲ್ಲ ಒಟ್ಟಿಗೆ ಕಾಡಿಗೆ ಹೋಗಿ, ಅದು ಇನ್ನೂ ಯಾರಿಗೆ ಕೇಳುತ್ತದೆ ಎಂದು ಒಬ್ಬರನ್ನೊಬ್ಬರು ಪರೀಕ್ಷೆ ಮಾಡುತ್ತಾರಂತೆ. ವಯಸ್ಸಾದಂತೆ ಸಣ್ಣ, ತೀಕ್ಷ್ಣ ದನಿಗಳು ಮೊದಲು ಹೋಗುತ್ತವೆ, ದಪ್ಪ ದನಿಗಳು ಉಳಿಯುತ್ತವೆ. ಆ ಸೂಜಿಯ ದನಿ ನನಗೆ ಅರವತ್ತಕ್ಕೆ ಹೋಯಿತು, ಈ ಮರದ್ದು ಇನ್ನೂ ಕೇಳುತ್ತದೆ; ಅದನ್ನು ಹೇಳಿದ್ದು ನನ್ನ ಗಂಡ, ಆ ಸಿಟ್ಟಿಗೆ ಒಂದು ವಾರ ಅವರೊಡನೆ ಮಾತು ಬಿಟ್ಟಿದ್ದೆ ಎಂದರು. ಆಮೇಲೆ ನನ್ನ ಕೈ ಅದುಮಿ, ನಿಮ್ಮ ಗಂಡನಿಗೆ ಇನ್ನೂ ಯಾರೂ ಹೇಳಿಲ್ಲ ಅನಿಸುತ್ತದೆ ಎಂದರು.

ಹಿಂದಿರುಗುವಾಗ ಗೆಸ್ಟುಗಳು ನಿದ್ದೆ ಹೋದರು. ಮರಳುಗಾಡಿನ ರಸ್ತೆಯಲ್ಲಿ ಕಾರು ಟೀಂ ಟೀಂ ಎಂದು ಶುರು ಮಾಡಿತು. ಎಂದಿನ ಹಾಗೆ ಬೈಯಲು ಬಾಯಿ ತೆರೆದವಳು ಹಾಗೇ ಮುಚ್ಚಿಕೊಂಡೆ. ಅವರ ಮುಖ ನೋಡಿದೆ. ಹಠ ಇರಲಿಲ್ಲ ಆ ಮುಖದಲ್ಲಿ. ಏನೂ ಇರಲಿಲ್ಲ. ಕಾರು ಅವರ ಪಾಲಿಗೆ ಸದ್ದಿಲ್ಲದೆ ಹೋಗುತ್ತಿತ್ತು. ಎರಡು ವರ್ಷ ನಾನು ಈ ಮನುಷ್ಯನನ್ನು ಕೇಳದ ಸದ್ದಿಗೆ ಬೈದಿದ್ದೆ. ನಾನು ಕಿಟಕಿಯ ಕಡೆ ತಿರುಗಿ ಕೂತು ಅತ್ತೆ.

ಆ ವಾರ ನಾನು ಬದುಕಿದ್ದು ಹೇಗೋ. ಸುಮ್ಮನೆ ಹೇಳಿಬಿಡಬೇಕಿತ್ತು, ಆದರೆ ಬಾಯಿಗೆ ಬೀಗ ಬಿದ್ದಿತ್ತು. ಹೇಳದಿದ್ದರೆ ಅವರು ಹಕ್ಕಿಗಳೆಲ್ಲ ಸತ್ತವು ಎಂದು ಕೊರಗುತ್ತಾರೆ, ಟ್ರಿಪ್ಪನ್ನೂ ಮುಚ್ಚಿಸುತ್ತಾರೆ. ಹೇಳಿದರೆ ಹಕ್ಕಿಗಳನ್ನು ವಾಪಸು ಕೊಟ್ಟು ಕಿವಿಯನ್ನು ಕಿತ್ತುಕೊಂಡ ಹಾಗೆ. ಕಿವಿಯೇ ಅವರ ಹೆಮ್ಮೆ, ಅವರ ಅನ್ನ. ಯಾವ ದುಃಖ ಸಣ್ಣದು ಎಂದು ಅಳೆಯುತ್ತ ನಾನು ಎರಡು ಸಲ ಸಾರಿಗೆ ಉಪ್ಪು ಹಾಕಿದೆ. ನಮ್ಮ ಕ್ಲಿನಿಕ್ಕಿನ ಕಿವಿ ಡಾಕ್ಟರನ್ನು ಯಾರದ್ದೋ ವಿಷಯ ಎಂಬಂತೆ ಕೇಳಿದೆ. ಕಿವಿಗೆ ಮಶೀನು ಇಟ್ಟರೆ ಮನೆಯವರ ಮಾತು ಚೆನ್ನಾಗಿ ಕೇಳೀತು, ಆದರೆ ಹಕ್ಕಿಯ ಸಣ್ಣ ದನಿ ಮೊದಲಿನಂತೆ ಕೇಳುತ್ತದೆ ಎಂದು ಮಾತ್ರ ಮಾತು ಕೊಡಲಾರೆ ಎಂದರು. ಮಗಳಿಗೆ ಹೇಳಿದೆ. ಅವಳು, ಹಾಗಾದರೆ ಪಪ್ಪ ನನ್ನ ಮಾತು ಬೇಡ ಎಂದು ಕೂತದ್ದಲ್ಲ ಎಂದು ಇಂಗ್ಲಿಷಿನಲ್ಲಿ ಹೇಳಿ ಬಾತ್‌ರೂಮಿಗೆ ಹೋಗಿ ಬಾಗಿಲು ಹಾಕಿಕೊಂಡಳು. ಅತ್ತದ್ದು ನನಗೆ ಹೊರಗೆ ಕೇಳಿತು. ಹಾಲ್‌ನಲ್ಲಿ ಕೂತಿದ್ದ ಅವರಿಗೆ ಕೇಳಲಿಲ್ಲ.

ಮುಂದಿನ ಶನಿವಾರ ಕೊನೆಯ ಟ್ರಿಪ್ ಎಂದು ಅವರೇ ನಿಶ್ಚಯಿಸಿದ್ದರು. ಸೋಮವಾರ ಹಾಜಿಯವರ ಆಫೀಸಿಗೆ ಹೋಗಿ ಹೇಳಿ ಬರುವುದು. ನಾನು ಮತ್ತೆ ಜೊತೆಗೆ ಹೊರಟೆ. ಈ ಸಲ ಗೆಸ್ಟುಗಳು ಬೇರೆ, ಒಂದೇ ಕುಟುಂಬದ ನಾಲ್ವರು. ಕೆರೆ ಮುಗಿಸಿ ಗೋರಿಗೆ ಬಂದಾಗ ಗೆಸ್ಟುಗಳು ಫೋಟೊ ತೆಗೆಯಲು ಕೆತ್ತನೆಯ ಕಲ್ಲಿನ ಬಳಿ ನಿಂತರು. ಇವರು ಒಬ್ಬರೇ ಗಾಫ್ ಮರದಡಿ ಹೋಗಿ ಅದರ ಕಾಂಡಕ್ಕೆ ಅಂಗೈ ಇಟ್ಟು ನಿಂತರು. ಮೇಲೆ ಅದು ಕೂಗುತ್ತಿತ್ತು, ಹೋದ ವಾರಕ್ಕಿಂತ ಜೋರಾಗಿ.

"ನೋಡು," ಅಂದರು, ಕನ್ನಡದಲ್ಲಿ. "ಗೋರಿ ಅಂದ್ರೆ ಈಗ ನಿಜವಾಗಿ ಗೋರಿ ಆಯ್ತು."

ಇನ್ನು ನನ್ನಿಂದ ಆಗಲಿಲ್ಲ.

"ಅದು ಕೂಗ್ತಾ ಉಂಟು," ಅಂದೆ. "ನಿಮ್ಮ ತಲೆ ಮೇಲೆಯೇ. ನಿಮಗೆ ಕೇಳುದಿಲ್ಲ."

ಅವರು ನನ್ನನ್ನು ನೋಡಿದ ನೋಟ ನಾನು ಮರೆಯುವುದಿಲ್ಲ. ಮೊದಲು ಬಂದದ್ದು ಸಿಟ್ಟು. ನಿನಗೆ ಹಕ್ಕಿಯ ವಿಷಯ ಎಂತ ಗೊತ್ತುಂಟು, ಪಿಕಳಾರದ ಕೂಗು ಕೇಳಿ ಏನೋ ಹೇಳಬೇಡ ಎಂದರು. ಗ್ರೂಪಿನವರು ನಿನಗೆ ಹೇಳಿ ಕಳಿಸಿದರಾ ಎಂದೂ ಕೇಳಿದರು. ನನ್ನ ಜನ್ಮದಲ್ಲಿ ಮೊದಲ ಸಲ ಅವರೊಡನೆ ವಾದ ಮಾಡದೆ, ಅವರ ಹೆಗಲು ಹಿಡಿದು ಎಡಕ್ಕೆ ತಿರುಗಿಸಿ, ಬಗ್ಗಿದ ಕೊಂಬೆಯ ತುದಿಯನ್ನು ಬೆರಳಿನಿಂದ ತೋರಿಸಿದೆ. ನನ್ನ ಕಣ್ಣಿಗೆ ಅಲ್ಲಿ ಎಲೆ ಬಿಟ್ಟರೆ ಬೇರೇನೂ ಕಾಣುತ್ತಿರಲಿಲ್ಲ. ದನಿ ಮಾತ್ರ ಅಲ್ಲಿಂದ ಬರುತ್ತಿತ್ತು.

ಅವರು ಬೈನಾಕ್ಯುಲರ್ ಎತ್ತಿದರು. ಬಹಳ ಹೊತ್ತು ಇಳಿಸಲಿಲ್ಲ. ಏನು ಕಂಡಿತು ಎಂದು ಅವರು ನನಗೆ ಹೇಳಿದ್ದು ಆಮೇಲೆ, ಮನೆಯಲ್ಲಿ. ಆ ಹಕ್ಕಿ ಬಾಲ ಎತ್ತಿ ಕೂತಿತ್ತಂತೆ. ಅದರ ಕೊಕ್ಕು ತೆರೆಯುತ್ತಿತ್ತು, ಮುಚ್ಚುತ್ತಿತ್ತು. ಗಂಟಲು ಅದುರುತ್ತಿತ್ತು. ಅದು ಮೈಯೆಲ್ಲ ಕುಲುಕಿಸಿಕೊಂಡು ಹಾಡುತ್ತಿತ್ತು, ಅವರಿಗೆ ಒಂದು ಚೂರೂ ಕೇಳಿಸಲಿಲ್ಲ. ಟಿವಿಯ ಸೌಂಡ್ ಬಂದ್ ಮಾಡಿದ ಹಾಗೆ ಇತ್ತು ಎಂದರು.

ಬೈನಾಕ್ಯುಲರ್ ಇಳಿಸಿದಾಗ ಅವರ ಮುಖ ಬೂದಿಯಾಗಿತ್ತು. ನಾನು ಅವರ ಕೈ ಹಿಡಿದುಕೊಂಡೆ. ಬೈಯುತ್ತಾರೆ ಎಂದುಕೊಂಡೆ, ಅಳುತ್ತಾರೆ ಎಂದುಕೊಂಡೆ. ಅವರು ಸುಮ್ಮನೆ ಆ ಕೊಂಬೆಯನ್ನೇ ನೋಡುತ್ತಿದ್ದರು.

"ಇಷ್ಟು ದಿನವೂ ಇತ್ತಾ?" ಅಂದರು.

"ಇತ್ತು."

"ಸೂರಕ್ಕಿ?"

ಸೂರಕ್ಕಿಯ ದನಿ ನನಗೆ ಗೊತ್ತಿಲ್ಲ. ಆದರೂ ಉಂಟು ಎಂದೆ.

"ಹಾಗಾದ್ರೆ ಹೋದದ್ದು ನನ್ನ ಕಿವಿ ಮಾತ್ರ ಅಲ್ವಾ," ಅಂದರು. "ಅವು ಹೋಗ್ಲಿಲ್ಲ ಅಲ್ವಾ."

ಅಷ್ಟು ಹೇಳಿ ಅವರು ಮುಖ ಒರೆಸಿಕೊಂಡರು. ದುಃಖವೋ ಸಮಾಧಾನವೋ ನನಗೆ ಆ ಹೊತ್ತಿಗೆ ತಿಳಿಯಲಿಲ್ಲ, ಅವರಿಗೂ ತಿಳಿದಿರಲಿಕ್ಕಿಲ್ಲ. ಹಾಜಿಯವರಿಗೆ ಏನು ಹೇಳುವುದು, ಇನ್ನು ಮುಂದೆ ಏನು ಎಂಬುದನ್ನು ನಾನೂ ಕೇಳಲಿಲ್ಲ.

ಅಷ್ಟರಲ್ಲಿ ಗೆಸ್ಟುಗಳು ಫೋಟೊ ಮುಗಿಸಿ ಬಂದರು. ಈ ಸಲ ಇವರಿಗೆ ಆ ಆಟ ಬೇಡ, ಎಲ್ಲರನ್ನೂ ನೇರ ಕಾರಿಗೆ ಕರೆದುಕೊಂಡು ಹೋಗುತ್ತಾರೆ ಎಂದುಕೊಂಡೆ. ಇವರು ಎಂದಿನಂತೆ ಎಲ್ಲರನ್ನೂ ಮರದಡಿ ನಿಲ್ಲಿಸಿದರು. ಈ ಮರದಲ್ಲಿ ಈಗ ಒಂದು ಸಣ್ಣ ಹಕ್ಕಿ ಹಾಡುತ್ತಿದೆ, ನನಗೆ ಅದು ಕೇಳಿಸುವುದಿಲ್ಲ, ನಿಮಗೆ ಕೇಳುತ್ತದೆ, ಕಣ್ಣು ಮುಚ್ಚಿ ಎಂದು ಇಂಗ್ಲಿಷಿನಲ್ಲಿ ಹೇಳಿದರು.

ಎಲ್ಲರೂ ಕಣ್ಣು ಮುಚ್ಚಿದರು. ನಾನೂ ಮುಚ್ಚಿದೆ. ಹಕ್ಕಿ ಕೂಗುತ್ತಿತ್ತು. ತಡೆಯಲಾರದೆ ನಡುವೆ ಕಣ್ಣು ತೆರೆದು ನೋಡಿದೆ. ಪ್ರತಿ ಸಲ ಎಲ್ಲರಿಗಿಂತ ಮೊದಲು ಕಣ್ಣು ಮುಚ್ಚುತ್ತಿದ್ದ ಮನುಷ್ಯ ಈ ಸಲ ಮುಚ್ಚಿರಲಿಲ್ಲ. ಮರವನ್ನೂ ನೋಡುತ್ತಿರಲಿಲ್ಲ. ಹಕ್ಕಿ ಇನ್ನೂ ಹಾಡುತ್ತಿದೆಯೋ ನಿಲ್ಲಿಸಿತೋ ಎಂದು ತಿಳಿಯಲು ನಮ್ಮ ಮುಖಗಳನ್ನು ಒಂದೊಂದಾಗಿ ನೋಡುತ್ತ ನಿಂತಿದ್ದರು.